ಎಸೆತಗಾರನ ನಾಲಿಗೆ

"ಅಮ್ಮಾ, ನಮಗೆ ಗುರು ಬೇಕು, ಅದು ಸರಿ. ಗುರುವಿಗೆ ನಾವು ಯಾಕೆ ಬೇಕು?"

ಕೇಳಿದವಳು ವಿಮಲಾಕ್ಷಿ. ಮಠದ ಹಿಂದಿನ ಜಗಲಿಯಲ್ಲಿ ಶಿಷ್ಯೆಯರೆಲ್ಲ ಕೂತು ನೆನೆಸಿದ ಅವರೆಕಾಳು ಹಿತುಕುತ್ತಿದ್ದರು. ಅವರ ಗುರು ಅಮ್ಮನವರೂ ಹಿತುಕುತ್ತಿದ್ದರು.

"ಇದ್ದಕ್ಕಿದ್ದಂತೆ ಯಾಕೆ ಈ ಅನುಮಾನ?" ಎಂದರು ಅಮ್ಮನವರು.

"ಬೆಳಗ್ಗೆ ಪಾಠದಲ್ಲಿ ನಾನು ತಪ್ಪಿದೆ. ನೀವು ತಿದ್ದಿದಿರಿ. ಮತ್ತೆ ಅಲ್ಲೇ ತಪ್ಪಿದೆ. ಮತ್ತೆ ತಿದ್ದಿದಿರಿ. ನಿಮಗೆ ಗೊತ್ತಿರುವುದನ್ನೇ ನಮ್ಮಂಥ ದಡ್ಡರಿಗೆ ಹೇಳಿ ಹೇಳಿ ನಿಮಗೇನು ಸಿಗುತ್ತದೆ?"

"ಊಟಕ್ಕೆ ಇನ್ನೂ ಹೊತ್ತಿದೆ. ಒಂದು ಕತೆ ಹೇಳುತ್ತೇನೆ, ಕೇಳು. ಕೈ ನಿಲ್ಲಿಸಬೇಡ."

ಈ ಮಠಕ್ಕೆ ಬಂದು ಕೂರುವ ಮೊದಲು ಅಮ್ಮನವರು ಬಹಳ ದೇಶ ಸುತ್ತಿದವರು. ಅವರ ಕತೆ ಎಲ್ಲಿ ಶುರುವಾಗುತ್ತದೆ ಎಂದು ಯಾರೂ ಹೇಳುವಂತಿರಲಿಲ್ಲ.

ಕಡಲಾಚೆಯ ಒಂದು ದೇಶ. ಅಲ್ಲಿ ಒಂದು ಬಂದರು ಪಟ್ಟಣ. ಆ ಪಟ್ಟಣದಲ್ಲಿ ಒಬ್ಬ ಎಸೆತಗಾರನಿದ್ದ. ಅಲ್ಲಿಯವರು ಆಡುವ ಆಟ ಬೇಸ್‌ಬಾಲ್.

"ನಮ್ಮ ಕ್ರಿಕೆಟ್ಟಿನ ಹಾಗೆಯೇ ಅಮ್ಮಾ?" ಎಂದಳು ಇನ್ನೊಬ್ಬ ಶಿಷ್ಯೆ.

"ಅಲ್ಲಿ ಹಾಗೆಂದರೆ ಊಟ ಹಾಕುವುದಿಲ್ಲ. ಇಲ್ಲಿ ಹಾಗೆಂದುಕೋ, ಪರವಾಗಿಲ್ಲ. ಆದರೆ ಚೆಂಡು ನೆಲಕ್ಕೆ ಬಡಿದು ಬರುವುದಿಲ್ಲ, ನೇರ ಬರುತ್ತದೆ. ಮೈದಾನದ ನಡುವೆ ಮಣ್ಣಿನ ಸಣ್ಣ ದಿಬ್ಬ. ಅದರ ಮೇಲೆ ನಿಂತು ಎಸೆತಗಾರ ಎಸೆಯುತ್ತಾನೆ. ಎದುರಿಗೆ ದೊಣ್ಣೆ ಹಿಡಿದು ದಾಂಡಿಗ ನಿಂತಿರುತ್ತಾನೆ. ದಾಂಡಿಗನ ಹಿಂದೆ, ಮುಖಕ್ಕೆ ಜಾಲರಿ ಕಟ್ಟಿಕೊಂಡು, ಚೆಂಡು ಹಿಡಿಯುವವನು ಕುಕ್ಕರುಗಾಲಲ್ಲಿ ಕೂತಿರುತ್ತಾನೆ. ಇಷ್ಟು ತಿಳಿದರೆ ಸಾಕು. ಉಳಿದದ್ದು ಅವರಿಗೂ ಪೂರ್ತಿ ತಿಳಿದಂತೆ ಕಾಣಲಿಲ್ಲ."

ಆ ಎಸೆತಗಾರನ ಬಳಿ ಎರಡು ಎಸೆತಗಳಿದ್ದವು. ಒಂದು ವೇಗದ್ದು, ಒಂದು ನಿಧಾನದ್ದು. ಎರಡಕ್ಕೂ ಅವನು ಕೈ ಬೀಸುವುದು ಒಂದೇ ರೀತಿ. ವೇಗದ್ದು ಬಂತು ಎಂದು ದಾಂಡಿಗ ದೊಣ್ಣೆ ಬೀಸುತ್ತಿದ್ದ. ಬರುತ್ತಿದ್ದದ್ದು ನಿಧಾನದ್ದು. ಬೀಸಿದ ರಭಸಕ್ಕೆ ದಾಂಡಿಗ ಬುಗುರಿಯಂತೆ ಸುತ್ತಿ ನೆಲಕ್ಕೆ ಕೂರುತ್ತಿದ್ದ. ಚೆಂಡು ಆಮೇಲೆ, ಮಾವನ ಮನೆಗೆ ಬಂದ ಅಳಿಯನಂತೆ, ಸಾವಕಾಶವಾಗಿ ಹಾದುಹೋಗುತ್ತಿತ್ತು.

ಇಡೀ ಊರು ನಗುತ್ತಿತ್ತು. ಮೀನು ಹಿಡಿಯುವವರು ದೋಣಿಗಳಿಗೆ ಅವನ ಹೆಸರಿಟ್ಟರು. ಒಬ್ಬಳು ತನ್ನ ಹೋತಕ್ಕೂ ಇಟ್ಟಳು. ಅವನು ಅದಕ್ಕೂ ಹೆಮ್ಮೆಪಟ್ಟ.

ಹೀಗೆ ಕೆಲವು ವರ್ಷ ನಡೆಯಿತು. ಆಮೇಲೆ ಗುಡ್ಡದ ಮೇಲಿನ ಊರಿನ ತಂಡ ಅವನ ಎಸೆತಗಳನ್ನು ಹೊಡೆಯಲು ಶುರುಮಾಡಿತು. ನಿಧಾನದ್ದು ಬಂದರೆ ಅವರು ನಿಧಾನವಾಗಿ ಕಾದು ಹೊಡೆದರು. ವೇಗದ್ದು ಬಂದರೆ ವೇಗವಾಗಿ ಹೊಡೆದರು. ಮರುವರ್ಷ ಉಳಿದ ಊರಿನವರೂ ಹೊಡೆದರು.

ಎಸೆತಗಾರ ಅಂದುಕೊಂಡ, ಭುಜ ಹೋಯಿತು.

ಅವನು ಭುಜಕ್ಕೆ ಎಣ್ಣೆ ತಿಕ್ಕಿದ. ಬಿಸಿನೀರು ಹಾಕಿದ, ಮಂಜುಗಡ್ಡೆ ಕಟ್ಟಿದ. ಮೊದಲನೆಯ ವೈದ್ಯ ನೋಡಿ, ಭುಜ ಚೆನ್ನಾಗಿದೆ ಎಂದ. ಎರಡನೆಯ ವೈದ್ಯನೂ ಹಾಗೇ ಎಂದ. ಮೂರನೆಯವನು ಒತ್ತಿ ನೋಡಿ, ಏನೋ ಇದೆ ಎಂದ. ಎಸೆತಗಾರ ಮೂರನೆಯವನನ್ನು ನಂಬಿದ.

ಇನ್ನೂ ಆಡುವ ವಯಸ್ಸಿನಲ್ಲೇ ಅವನು ಆಟ ಬಿಟ್ಟ. ಬಂದರಿನ ತಂಡದ ಯಜಮಾನ ಅವನನ್ನು ಬಿಡಲಿಲ್ಲ. "ಭುಜ ಹೋದರೆ ಹೋಗಲಿ, ಬಾಯಿ ಇದೆಯಲ್ಲ, ಹೊಸಬರಿಗೆ ಕಲಿಸು," ಎಂದ. ಅಲ್ಲಿ ಅಂಥವನನ್ನು ಕೋಚ್ ಎನ್ನುತ್ತಾರೆ. ನಾವು ಗುರು ಎನ್ನೋಣ. ಕೆಲಸ ಒಂದೇ, ಬಿಸಿಲು ಜಾಸ್ತಿ.

ಅವನು ಒಳ್ಳೆಯ ಗುರುವಾದ. ಬೈಯುತ್ತಿರಲಿಲ್ಲ, ಬೇಸರ ಪಡುತ್ತಿರಲಿಲ್ಲ. ಎಸೆಯುವವನ ಬೆನ್ನ ಹಿಂದೆ ನಿಂತು ಅವನ ಭುಜವನ್ನೇ ನೋಡುತ್ತಿದ್ದ. "ಭುಜ ಇಳಿಸು. ಭುಜ ಬಿಗಿಯಬೇಡ. ಭುಜ ಉಳಿಸಿಕೋ," ಎನ್ನುತ್ತಿದ್ದ. ತನಗೆ ಎಲ್ಲಿ ಪೆಟ್ಟು ಬಿತ್ತೆಂದು ಅವನು ನಂಬಿದ್ದನೋ ಅಲ್ಲಿಯೇ ಅವನ ಪಾಠವೆಲ್ಲ ಇತ್ತು. ಕಲಿಯುವವರು ಅವನ ಕಿವಿಗೆ ಬೀಳದಂತೆ ಅವನನ್ನು ಭುಜಪ್ಪ ಎಂದು ಕರೆಯುತ್ತಿದ್ದರು.

ಒಂದು ವರ್ಷ ಅವನ ಬಳಿ ಒಬ್ಬ ತರುಣ ಬಂದ. ಪಕ್ಕದ ದ್ವೀಪದವನು, ದೋಣಿಯವನ ಮಗ. ಚಿಕ್ಕಂದಿನಲ್ಲಿ ಮೈದಾನದ ಎಡಗಡೆಯ ಗೋಡೆ ಹತ್ತಿ ಕೂತು ಈ ಎಸೆತಗಾರನ ಆಟವನ್ನೆಲ್ಲ ನೋಡಿದ್ದ. ಅವನಿಗೆ ಬೇರೆ ದೇವರಿರಲಿಲ್ಲ. ಗುರು ನಡೆದಂತೆ ನಡೆಯುತ್ತಿದ್ದ. ಎಸೆಯುವ ಮೊದಲು ಗುರುವಿನಂತೆಯೇ ಚಡ್ಡಿ ಮೇಲೆಳೆದುಕೊಳ್ಳುತ್ತಿದ್ದ, ಬಲಗಾಲಿನಲ್ಲಿ ಮಣ್ಣು ಕೆದರುತ್ತಿದ್ದ, ಮೊಣಕೈಯಿಂದ ಬೆವರು ಒರೆಸಿಕೊಳ್ಳುತ್ತಿದ್ದ. ಬೆವರಿಲ್ಲದಿದ್ದರೂ ಒರೆಸಿಕೊಳ್ಳುತ್ತಿದ್ದ.

ಗುರುವಿಗೆ ಸಂತೋಷವಾಯಿತು. ಯಾರಿಗೆ ಆಗುವುದಿಲ್ಲ?

ತರುಣ ಮೊದಮೊದಲು ಎಲ್ಲರನ್ನೂ ಬುಗುರಿಯಾಡಿಸಿದ. ಊರು ಮತ್ತೆ ನಕ್ಕಿತು. ಆಮೇಲೆ ಗುಡ್ಡದೂರಿನವರು ಅವನನ್ನು ಹೊಡೆದರು. ಅವರ ಹಿಂದೆ ಉಳಿದವರೂ ಹೊಡೆದರು. ಗುರು ತರುಣನ ಭುಜ ಹಿಡಿದು ನೋಡಿದ. ಕಲ್ಲಿನಂತಿತ್ತು. ಆದರೂ ಅವನಿಗೆ ನಿದ್ದೆ ಹತ್ತಲಿಲ್ಲ. ನನ್ನ ಭುಜದ ಕಾಯಿಲೆ ಇವನಿಗೂ ಅಂಟಿತು, ಅಂಟಿಸಿದವನು ನಾನೇ ಎಂದು ಕೊರಗಿದ.

ವರ್ಷದ ಕೊನೆಯ ಪಂದ್ಯ ಬಂತು. ಎದುರಾಳಿ ಗುಡ್ಡದೂರೇ. ಬೆಳಗ್ಗೆ ಯಜಮಾನ ಗುರುವನ್ನು ಕರೆದು ಹೇಳಿದ, "ಇವತ್ತು ನಿನ್ನ ಶಿಷ್ಯ ಗೆಲ್ಲಿಸಿದರೆ ತಂಡದಲ್ಲಿ ಇರುತ್ತಾನೆ. ಇಲ್ಲವಾದರೆ ನಾಳೆಯಿಂದ ಅಪ್ಪನ ದೋಣಿಗೆ ಹೋಗಲಿ. ಬಲೆ ಎಸೆಯುವುದಕ್ಕೂ ಭುಜ ಬೇಕಲ್ಲ, ನಿನ್ನ ಪಾಠ ವ್ಯರ್ಥವಾಗುವುದಿಲ್ಲ."

ಗುರು ಅದನ್ನು ತರುಣನಿಗೆ ಹೇಳಿದ. ತರುಣ ಮೊಣಕೈಯಿಂದ ಹಣೆ ಒರೆಸಿಕೊಂಡ. ಈ ಸಲ ಬೆವರಿತ್ತು.

ಆ ಆಟದಲ್ಲಿ ಒಂದು ಕಟ್ಟಳೆ ಇದೆ. ಎಸೆತಗಾರ ಕಷ್ಟದಲ್ಲಿದ್ದರೆ ಅವನ ಗುರು ದಿಬ್ಬದವರೆಗೆ ನಡೆದು ಹೋಗಿ ಒಂದೆರಡು ಮಾತು ಹೇಳಬಹುದು. ಆದರೆ ಒಂದು ಸರದಿಯಲ್ಲಿ ಒಂದೇ ಸಲ. ಅದೇ ಸರದಿಯಲ್ಲಿ ಇನ್ನೊಮ್ಮೆ ಹೋದರೆ ಮಾತಾಡುವಂತಿಲ್ಲ, ಶಿಷ್ಯನ ಕೈಯಿಂದ ಚೆಂಡು ತೆಗೆದುಕೊಂಡು ಅವನನ್ನು ಹೊರಗೆ ಕಳಿಸಬೇಕು. ನನಗೆ ಈ ಕಟ್ಟಳೆ ಬಹಳ ಹಿಡಿಸಿತು. ಇದು ನಮ್ಮಲ್ಲೂ ಇದ್ದಿದ್ದರೆ ಎಷ್ಟೋ ಮಠಗಳು ಖಾಲಿಯಾಗುತ್ತಿದ್ದವು.

ಆಟ ನಡೆಯಿತು. ತರುಣ ಹೊಡೆಸಿಕೊಂಡ. ಗುರು ದಿಬ್ಬಕ್ಕೆ ಹೋಗಿ ಭುಜ ಇಳಿಸು ಎಂದ. ತರುಣ ಭುಜ ಇಳಿಸಿದ. ಮತ್ತೆ ಹೊಡೆಸಿಕೊಂಡ. ಹೇಗೋ ಬಂದರಿನವರು ಒಂದೇ ಒಂದು ಓಟ ಮುಂದಿದ್ದರು. ಗುಡ್ಡದೂರಿನವರಿಗೆ ಇನ್ನೊಂದೇ ಸರದಿ ಉಳಿದಿತ್ತು.

ಗುರು ಗಾಬರಿಯಲ್ಲಿ ಬೆಳಗ್ಗಿನಿಂದ ನೀರು ಕುಡಿದಿದ್ದ. ತನ್ನವರು ದೊಣ್ಣೆ ಹಿಡಿದು ಆಡುತ್ತಿದ್ದಾಗ ಅವನಿಗೆ ತಡೆಯಲಾಗಲಿಲ್ಲ. ಬಂದರಿನವರ ಬೆಂಚು ಮೈದಾನದ ಬಲಗಡೆ ಇತ್ತು. ಮೂತ್ರಿಖಾನೆ ಇದ್ದದ್ದು ಎಡಗಡೆ, ಗುಡ್ಡದೂರಿನ ಜನ ಕೂರುವ ಮೆಟ್ಟಿಲುಗಳ ಹಿಂದೆ. ಅಷ್ಟು ವರ್ಷ ಆಡಿದ್ದರೂ ಅವನು ಆಟದ ನಡುವೆ ಆ ಕಡೆ ಹೋದವನಲ್ಲ. ಟೋಪಿಯನ್ನು ಹುಬ್ಬಿನವರೆಗೆ ಎಳೆದುಕೊಂಡು ಹೋದ. ಸಾಲು ಉದ್ದವಿತ್ತು. ಅವನು ಹೊರಬರುವಷ್ಟರಲ್ಲಿ ಕೊನೆಯ ಸರದಿ ಶುರುವಾಗಿ ತರುಣ ದಿಬ್ಬ ಹತ್ತಿಬಿಟ್ಟಿದ್ದ.

ಕೆಲವರಿಗೆ ಮರದ ಕೆಳಗೆ ಅರಿವು ಬರುತ್ತದೆ. ಇವನಿಗೆ ಮೂತ್ರಿಖಾನೆಯಿಂದ ವಾಪಸು ಬರುವ ದಾರಿಯಲ್ಲಿ ಬಂತು.

ಮೆಟ್ಟಿಲ ತುದಿಯಲ್ಲಿ ಗುಡ್ಡದೂರಿನ ಒಬ್ಬ ಮುದುಕಿ ಬೇಯಿಸಿದ ಕಡಲೆಕಾಯಿ ತಿನ್ನುತ್ತ ಕೂತಿದ್ದಳು. ಅವಳು ಪಕ್ಕದವಳಿಗೆ ಹೇಳುತ್ತಿದ್ದಳು, "ಈಗ ನಿಧಾನದ್ದು."

ನಿಧಾನದ್ದೇ ಬಂತು. ದಾಂಡಿಗ ಕಾದು ಹೊಡೆದ.

"ಈಗ ವೇಗದ್ದು," ಎಂದಳು ಮುದುಕಿ.

ವೇಗದ್ದು ಬಂತು. ಇನ್ನೊಬ್ಬ ದಾಂಡಿಗ ಅದನ್ನೂ ಹೊಡೆದ. ಮುದುಕಿ ಸಿಪ್ಪೆ ಉಗಿದಳು.

ಗುರುವಿನ ಕಾಲು ನಿಂತಿತು. "ಅಜ್ಜೀ, ನಿಮಗೆ ಹೇಗೆ ಗೊತ್ತಾಗುತ್ತದೆ?"

"ಯಾವೂರಪ್ಪಾ ನಿನ್ನದು? ಅಷ್ಟೂ ಗೊತ್ತಿಲ್ಲವಾ? ಅವನ ಬಾಯಿ ನೋಡು, ಬಾಯಿ. ಎಡಗಡೆ ನಾಲಿಗೆ ತುದಿ ಹೊರಬಂದರೆ ನಿಧಾನದ್ದು. ಸೂಜಿಗೆ ದಾರ ಪೋಣಿಸುವವರು ಕಚ್ಚಿಕೊಳ್ಳುವುದಿಲ್ಲವಾ, ಹಾಗೆ. ಬರದಿದ್ದರೆ ವೇಗದ್ದು."

ಗುರು ತಿರುಗಿ ನೋಡಿದ. ಇಷ್ಟು ದಿನ ಅವನು ತರುಣನ ಬೆನ್ನು ನೋಡಿದ್ದ. ಈಗ ಮುಖ ನೋಡಿದ. ತರುಣ ಚಡ್ಡಿ ಮೇಲೆಳೆದುಕೊಂಡ, ಮಣ್ಣು ಕೆದರಿದ, ಹಣೆ ಒರೆಸಿಕೊಂಡ. ಆಮೇಲೆ ತುಟಿಯ ಎಡಮೂಲೆಯಲ್ಲಿ ನಾಲಿಗೆಯ ತುದಿ ಇಣುಕಿತು. ನಿಧಾನದ ಚೆಂಡು ಬಂತು.

"ಇದನ್ನು ಯಾರು ಕಂಡುಹಿಡಿದರು?"

"ನಮ್ಮ ಕೋಚ್, ಅಗೋ ಅಲ್ಲಿ ನಿಂತಿದ್ದಾನಲ್ಲ, ಅವನೇ. ಆಗ ಅವನೂ ಆಡುತ್ತಿದ್ದ. ಒಂದು ವರ್ಷ ಕಾಲು ಮುರಿದುಕೊಂಡು ಬೆಂಚಿನ ಮೇಲೆ ಸುಮ್ಮನೆ ಕೂತಿದ್ದ. ಮಾಡಲು ಕೆಲಸವಿಲ್ಲ, ಎದುರಿನವನ ಮುಖ ನೋಡಿದ. ಈ ಹುಡುಗನ ಮುಖ ಅಲ್ಲಪ್ಪ, ಇವನ ಗುರುವಿನ ಮುಖ. ಆ ಗುರು ಆಟ ಬಿಟ್ಟ ವರ್ಷ ನಮ್ಮೂರಲ್ಲಿ ಯಾರಿಗೂ ಊಟ ಸೇರಲಿಲ್ಲ. ದೇವರು ದೊಡ್ಡವನು, ಅದೇ ನಾಲಿಗೆಯ ಶಿಷ್ಯನನ್ನು ಕಳಿಸಿದ. ನಾವು ಕಂಡುಕೊಳ್ಳಲು ಸ್ವಲ್ಪ ದಿನ ಹಿಡಿಯಿತು, ಅಷ್ಟೇ."

"ಬೇರೆ ಊರಿನವರಿಗೂ ಗೊತ್ತೇ?"

"ನಮ್ಮ ಹುಡುಗರು ಬೇರೆ ತಂಡಕ್ಕೆ ಸೇರಿದರೆ ತಿಳಿದದ್ದು ಜೊತೆಗೇ ಹೋಗುತ್ತದಲ್ಲ. ಬಂದರಿನವರೊಬ್ಬರಿಗೆ ಬಿಟ್ಟು ಎಲ್ಲರಿಗೂ ಗೊತ್ತು."

"ಆ ಗುರುವಿಗೆ ಯಾರೂ ಹೇಳಲಿಲ್ಲವೇ?"

"ಹೇಳಲು ನಮಗೇನು ಹುಚ್ಚಾ? ಅವನ ಮನೆಯವರಿಗೇ ಕಾಣದ್ದನ್ನು ನಾವು ಹೋಗಿ ತೋರಿಸಬೇಕಾ?"

ಅದು ನಿಜ. ಅವನ ತಂಡದವರು ಕೂರುತ್ತಿದ್ದದ್ದು ಬಲಗಡೆ. ಮೈದಾನದಲ್ಲಿ ನಿಂತವರಿಗೆ ಅವನ ಬೆನ್ನು ಕಾಣುತ್ತಿತ್ತು. ಎದುರಿಗೆ ಕೂತು ಚೆಂಡು ಹಿಡಿಯುವವನಿಗೆ ಮುಖ ಕಾಣುತ್ತಿತ್ತು. ಆದರೆ ಯಾವ ಚೆಂಡು ಎಸೆಯಬೇಕೆಂದು ಬೆರಳ ಸನ್ನೆಯಲ್ಲಿ ಹೇಳುತ್ತಿದ್ದವನೇ ಅವನು. ಏನು ಬರಲಿದೆ ಎಂದು ಮೊದಲೇ ಗೊತ್ತಿರುವವನು ಮುಖ ನೋಡಲು ಹೋಗುವುದಿಲ್ಲ.

ಗುರು ಕಡೆಯ ಪ್ರಶ್ನೆ ಕೇಳಿದ. "ಅವನ ಭುಜ ಹೋಗಿತ್ತು ಅಂತಾರಲ್ಲ ಅಜ್ಜೀ?"

"ಭುಜವಾ? ಯಾವ ಪುಣ್ಯಾತ್ಮ ಹೇಳಿದ್ದು? ಆ ಭುಜಕ್ಕೆ ನೊಗ ಕಟ್ಟಿದ್ದರೆ ಹೊಲ ಉಳುತ್ತಿತ್ತು."

ಗುರು ಮೆಟ್ಟಿಲ ಮೇಲೆ ಕೂತುಬಿಟ್ಟ. ಎಣ್ಣೆ ನೆನಪಾಯಿತು. ಮಂಜುಗಡ್ಡೆ ನೆನಪಾಯಿತು. ಮೂರನೆಯ ವೈದ್ಯ ನೆನಪಾದ. ಅಳು ಬರಬೇಕಾಗಿತ್ತು. ನಗು ಬಂತು. ಮೊದಲು ಮೂಗಿನಲ್ಲಿ ಬಂತು, ಆಮೇಲೆ ಹೊಟ್ಟೆಯಿಂದ ಬಂತು. ಸತ್ತಿತೆಂದು ಇಷ್ಟು ವರ್ಷ ಅವನು ಶೋಕ ಮಾಡಿದ್ದ ಭುಜ ಅಂಗಿಯೊಳಗೆ ಸುಖವಾಗಿ ಕೂತಿತ್ತು.

"ಏನಾಯಿತಪ್ಪಾ? ವಾಯುವಾ? ಎರಡು ಕಡಲೆಕಾಯಿ ತಿನ್ನು," ಎಂದಳು ಮುದುಕಿ.

ಗುರು ಎದ್ದು ಓಡಿದ. ತನ್ನ ಬೆಂಚಿಗೆ ಬಂದಾಗ, ಹೊಡೆದವರು ಓಡಿ ನಿಲ್ಲುವ ಮೂರು ಮೂಲೆಗಳಲ್ಲೂ ಗುಡ್ಡದೂರಿನ ಓಟಗಾರರು ತುಂಬಿ ನಿಂತಿದ್ದರು. ಇನ್ನೊಂದು ಒಳ್ಳೆಯ ಹೊಡೆತ ಬಿದ್ದರೆ ಆಟ ಮುಗಿಯುತ್ತಿತ್ತು. ಮೂವರು ದಾಂಡಿಗರನ್ನು ಬರಿಗೈಯಲ್ಲಿ ಕಳಿಸಿದರೆ ಮಾತ್ರ ಬಂದರಿಗೆ ಗೆಲುವು.

"ಎಲ್ಲಿ ಸತ್ತಿದ್ದೆ?" ಎಂದ ಯಜಮಾನ. "ಹೋಗು. ಅವನ ಕೈಯಿಂದ ಚೆಂಡು ತೆಗೆದುಕೊಂಡು ಬಾ."

ಗುರು ದಿಬ್ಬಕ್ಕೆ ಹೋದ. ಈ ಸರದಿಯಲ್ಲಿ ಇದು ಮೊದಲನೆಯ ಸಲ. ಎದುರಾಳಿಗಳು ತುಟಿ ನೋಡಿ ಮಾತು ಓದದಿರಲೆಂದು ಇಬ್ಬರೂ ಕೈಗವಸು ಬಾಯಿಗೆ ಅಡ್ಡ ಹಿಡಿದರು. ಅದು ಅಲ್ಲಿಯ ಪದ್ಧತಿ.

"ಭುಜ ಇಳಿಸಿದ್ದೇನೆ ಸರ್," ಎಂದ ತರುಣ. ಅವನ ಕಣ್ಣು ತುಂಬಿತ್ತು.

"ಭುಜ ಹಾಳಾಗಿ ಹೋಗಲಿ. ನಿಧಾನದ್ದು ಎಸೆಯುವಾಗ ನಾಲಿಗೆ ಯಾಕೆ ಹೊರಗೆ ಹಾಕುತ್ತೀಯ?"

"ನೀವು ಹಾಕುತ್ತಿದ್ದಿರಲ್ಲ ಸರ್. ಗೋಡೆ ಮೇಲೆ ಕೂತು ನೋಡುತ್ತಿದ್ದೆ. ಕಲಿಯಲು ಬಹಳ ಕಷ್ಟವಾಯಿತು. ಮೊದಲು ಬಲಗಡೆ ಬರುತ್ತಿತ್ತು. ಕನ್ನಡಿ ಮುಂದೆ ನಿಂತು ಎಡಗಡೆಗೆ ತಂದೆ."

"ಅಯ್ಯೋ ಮಹಾರಾಯ. ಅದು ವಿದ್ಯೆಯಲ್ಲ. ನನ್ನ ಪೆದ್ದುತನ. ಇಡೀ ಗುಡ್ಡದೂರು ಅದನ್ನು ನೋಡಿಕೊಂಡೇ ಹೊಡೆಯುತ್ತಿದೆ. ನನ್ನನ್ನೂ ಹಾಗೇ ಹೊಡೆದರು. ನನಗೆ ಗೊತ್ತಾದದ್ದು ಈಗ."

ತರುಣನ ಮುಖ ಬಿಳಿಚಿಕೊಂಡಿತು. "ಹಾಗಾದರೆ ಬಿಟ್ಟುಬಿಡುತ್ತೇನೆ ಸರ್."

"ಈಗ ಬಿಡಲು ಹೋದರೆ ನಿನ್ನ ಗಮನವೆಲ್ಲ ನಾಲಿಗೆಯ ಮೇಲಿರುತ್ತದೆ, ಚೆಂಡಿನ ಮೇಲಲ್ಲ. ಬಿಡಬೇಡ. ವೇಗದ್ದು ಎಸೆಯುವಾಗ ಹಾಕು. ನಿಧಾನದ್ದಕ್ಕೆ ಬಾಯಿ ಮುಚ್ಚಿಕೋ."

"ನೀವು ಹಾಗೆ ಮಾಡುತ್ತಿರಲಿಲ್ಲವಲ್ಲ ಸರ್."

"ನನಗೆ ಅಷ್ಟು ಬುದ್ಧಿ ಇರಲಿಲ್ಲವಲ್ಲಪ್ಪ."

"ಸಂಸಾರದ ಮಾತು ಮನೆಯಲ್ಲಿ ಆಡಿಕೊಳ್ಳಿ," ಎಂದು ಅಂಪೈರ್ ಕೂಗಿದ. ಗುರು ವಾಪಸು ಬಂದ.

"ಚೆಂಡೆಲ್ಲಿ?" ಎಂದ ಯಜಮಾನ.

"ಅವನ ಕೈಯಲ್ಲಿ."

"ಸೋತರೆ ನಾಳೆ ನೀನೂ ಅವನ ಜೊತೆ ದೋಣಿ ಹತ್ತುತ್ತೀಯ."

"ದೋಣಿ ಯಾಕೆ? ಈಜಿಕೊಂಡೇ ಹೋಗುತ್ತೇನೆ," ಎಂದ ಗುರು. ಅವನ ಮುಖದಲ್ಲಿ ನಗು ಇನ್ನೂ ಆರಿರಲಿಲ್ಲ. ಯಜಮಾನನಿಗೆ ಅದು ಹುಚ್ಚಿನಂತೆ ಕಂಡಿತು.

ಮೊದಲನೆಯ ದಾಂಡಿಗ ಬಂದು ನಿಂತ. ತರುಣನ ನಾಲಿಗೆ ಇಣುಕಿತು. ದಾಂಡಿಗ ನಿಧಾನದ್ದಕ್ಕೆ ಕಾದ. ವೇಗದ್ದು ಬಂತು. ಚೆಂಡು ಹಿಡಿಯುವವನ ಕೈ ಸೇರಿದ ಮೇಲೆ ದೊಣ್ಣೆ ಎದ್ದಿತು. ಹೀಗೇ ಮೂರು ಸಲ ಆಯಿತು, ಮೂರು ಸಲ ತಪ್ಪಿದರೆ ಅಲ್ಲಿ ಔಟು. ದಾಂಡಿಗ ಹೋದ. ಹೋಗುವಾಗ ತನ್ನ ದೊಣ್ಣೆಯನ್ನು ತಿರುಗಿಸಿ ತಿರುಗಿಸಿ ನೋಡಿದ.

ಎರಡನೆಯವನು ಬಂದ. ತರುಣ ಬಾಯಿ ಮುಚ್ಚಿದ್ದ. ದಾಂಡಿಗ ವೇಗದ್ದಕ್ಕೆ ಬೀಸಿದ. ನಿಧಾನದ್ದು ಬಂತು. ಅವನು ಸುತ್ತಿ ಕೂತ. ಎದ್ದು ನಿಂತು ಮತ್ತೆ ಸುತ್ತಿ ಕೂತ. ಮೂರನೆಯ ಸಲ ಏಳುವುದಕ್ಕೇ ಬೇಸರಪಟ್ಟ. ಬಂದರಿನ ಜನ ಎಷ್ಟೋ ಕಾಲದ ಮೇಲೆ ಆ ನಗೆ ನಕ್ಕರು.

ಎಡಗಡೆಯಿಂದ ಮುದುಕಿಯ ದನಿ ಮೈದಾನವೆಲ್ಲ ಕೇಳಿಸಿತು. "ಲೋ ಕುರುಡಾ, ನಾಲಿಗೆ ನೋಡಿ ಹೊಡೆಯೋ!"

ಗುಡ್ಡದೂರಿನ ಕೋಚ್ ಎದ್ದು ನಿಂತು ಮೈದಾನದಾಚೆಗೆ ನೋಡಿದ. ಗುರು ಅವನ ಕಣ್ಣಿಗೆ ಬಿದ್ದ. ಆಗ ಗುರು ಸುಮ್ಮನಿದ್ದಿದ್ದರೆ ಆಗುತ್ತಿತ್ತು. ಇರಲಾಗಲಿಲ್ಲ. ಅವನು ಟೋಪಿ ತೆಗೆದು, ತನ್ನ ನಾಲಿಗೆಯನ್ನು ಎಡಗಡೆಯಿಂದ ಪೂರ್ತಿ ಹೊರಗೆ ಚಾಚಿ ತೋರಿಸಿದ.

ಗುಡ್ಡದೂರಿನ ಕೋಚ್ ದಡ್ಡನಲ್ಲ. ಅವನಿಗೆ ಎಲ್ಲ ತಿಳಿಯಿತು. ಮೂರನೆಯ ದಾಂಡಿಗನನ್ನು ಬಳಿಗೆ ಕರೆದು ಕಿವಿಯಲ್ಲಿ ಹೇಳಿದ, "ಉಲ್ಟಾ ಮಾಡಿದ್ದಾರೆ. ನಾಲಿಗೆ ಬಂದರೆ ವೇಗದ್ದು."

ಅವನು ಹೇಳಿದ್ದು ಗುರುವಿಗೆ ಕೇಳಿಸಲಿಲ್ಲ. ಆದರೆ ದಾಂಡಿಗ ತಲೆಯಾಡಿಸಿದ್ದು ಕಂಡಿತು. ಗುರುವಿನ ಹೊಟ್ಟೆಯಲ್ಲಿ ನಗು ನಿಂತಿತು. ಅವನಿಗೆ ದಿಬ್ಬಕ್ಕೆ ಓಡಬೇಕೆನ್ನಿಸಿತು. ಓಡುವಂತಿರಲಿಲ್ಲ. ಇನ್ನೊಮ್ಮೆ ಹೋದರೆ ಚೆಂಡು ಕಿತ್ತುಕೊಳ್ಳಬೇಕು. ಅವನು ಬೆಂಚಿನ ಅಂಚು ಹಿಡಿದು ಕೂತ.

ಮೂರನೆಯ ದಾಂಡಿಗ ಗುಡ್ಡದೂರಿನಲ್ಲೇ ಬಲಶಾಲಿ. ಅವನು ಕಾಲೂರಿ ನಿಂತ. ತರುಣ ಚಡ್ಡಿ ಮೇಲೆಳೆದುಕೊಂಡ. ಮಣ್ಣು ಕೆದರಿದ. ಹಣೆ ಒರೆಸಿಕೊಂಡ. ನಾಲಿಗೆ ಇಣುಕಿತು.

ದಾಂಡಿಗ ವೇಗದ್ದು ಎಂದು ಬೀಸಿದ.

ನಿಧಾನದ್ದು ಬಂತು. ದಾಂಡಿಗ ಒಂದು ಸುತ್ತು ಸುತ್ತಿ ಕೂತ. ಚೆಂಡು ಅವನ ಮುಂದೆ ಸಾವಕಾಶವಾಗಿ ಹಾದುಹೋಯಿತು. ಮುಂದಿನ ಎಸೆತಕ್ಕೆ ಅವನು ನಾಲಿಗೆ ನೋಡುವುದೋ ಚೆಂಡು ನೋಡುವುದೋ ತಿಳಿಯದೆ ನಿಂತೇ ಇದ್ದ; ಬೀಸದೆ ಬಿಟ್ಟದ್ದೂ ಅಲ್ಲಿ ತಪ್ಪಿದ ಲೆಕ್ಕವೇ. ಅದರ ಮುಂದಿನದಕ್ಕೆ ಕಣ್ಣು ಮುಚ್ಚಿ ಬೀಸಿದ. ದೊಣ್ಣೆ ಕೈತಪ್ಪಿ ಹಾರಿತು. ಆಟ ಮುಗಿಯಿತು.

ಬಂದರಿನ ಜನ ಮೈದಾನಕ್ಕೆ ನುಗ್ಗಿದರು. ಯಜಮಾನ ತರುಣನನ್ನು ಅಪ್ಪಿಕೊಂಡು, ನೀನು ನನ್ನ ಮಗ, ಎಲ್ಲಿಗೂ ಹೋಗಕೂಡದು ಎಂದ. ಬೆಳಗ್ಗೆ ಹೇಳಿದ್ದು ಅವನಿಗೆ ನೆನಪಿರಲಿಲ್ಲ. ಯಜಮಾನರಿಗೆ ಅದೊಂದು ಅನುಕೂಲ.

ಗುರು ಜನರನ್ನು ತಳ್ಳಿಕೊಂಡು ತರುಣನ ಬಳಿಗೆ ಹೋದ. "ಕೊನೆಯವನಿಗೆ ನಾನು ಹೇಳಿದ್ದನ್ನು ಯಾಕೆ ಮಾಡಲಿಲ್ಲ?"

ತರುಣ ನೆಲ ನೋಡಿದ. "ನೀವು ಅವರಿಗೆ ನಾಲಿಗೆ ಚಾಚಿ ತೋರಿಸಿದ್ದು ಕಂಡಿತು ಸರ್. ಇನ್ನು ಅವರಿಗೆ ತಿಳಿದುಹೋಯಿತು ಅಂದುಕೊಂಡೆ. ಅದಕ್ಕೇ ವಾಪಸು ಹಳೆಯದನ್ನೇ ಹಾಕಿದೆ. ತಪ್ಪಾಯಿತೇ?"

ಗುರು ತರುಣನ ಮುಂದೆ ತಲೆಬಾಗಿಸಿ ಕೈಮುಗಿದ. ತರುಣ ಹೆದರಿ ಎರಡು ಹೆಜ್ಜೆ ಹಿಂದೆ ಸರಿದ.

ಅಷ್ಟರಲ್ಲಿ ಗುಡ್ಡದೂರಿನ ಕೋಚ್ ಬಂದ. ಇಬ್ಬರೂ ಒಬ್ಬರನ್ನೊಬ್ಬರು ನೋಡಿಕೊಂಡು ನಿಂತರು.

"ಯಾರು ಹೇಳಿಕೊಟ್ಟದ್ದು?" ಎಂದ ಅವನು.

"ನಿಮ್ಮೂರ ಒಬ್ಬ ಅಜ್ಜಿ."

"ಕಡಲೆಕಾಯಿ ತಿನ್ನುತ್ತಿದ್ದಳಾ?"

"ಹೌದು."

"ನಮ್ಮ ಅತ್ತೆ," ಎಂದು ಅವನು ಹಣೆ ಚಚ್ಚಿಕೊಂಡ. "ಲೋ, ನೀನು ಆಟ ಬಿಟ್ಟ ದಿನ ಬಂದು ಹೇಳೋಣ ಅಂದುಕೊಂಡಿದ್ದೆ. ಬಾಗಿಲವರೆಗೂ ಬಂದಿದ್ದೆ. ಕೇಳಿ ನೋಯುತ್ತೀಯ ಅಂತ ತಿರುಗಿ ಹೋದೆ."

"ಅಂದು ಹೇಳಿದ್ದರೆ ನೋಯುತ್ತಿದ್ದೆ," ಎಂದ ಗುರು. "ಇವತ್ತು ಇವನ ಮುಖದಲ್ಲಿ ನೋಡಿದೆ. ನಗು ಬಂತು."

"ಕತೆ ಇಲ್ಲಿಗೆ ಮುಗಿಯಿತು," ಎಂದರು ಅಮ್ಮನವರು. ಒಂದು ಕ್ಷಣ ಅವರೆಕಾಳು ಹಿತುಕಿದರು. "ಆದರೂ ಒಂದು ಮಾತು ಹೇಳಿಬಿಡುತ್ತೇನೆ. ಜನರೆಲ್ಲ ಹೋದ ಮೇಲೆ ಆ ಗುರು ಒಬ್ಬನೇ ದಿಬ್ಬ ಹತ್ತಿದ. ತರುಣ ಎದುರಿಗೆ ಹೋಗಿ ಕುಕ್ಕರುಗಾಲಲ್ಲಿ ಕೂತ. ಗುರು ಎಸೆದ. ವೇಗದ್ದು ಎಸೆದ, ನಿಧಾನದ್ದು ಎಸೆದ, ಮತ್ತೆ ವೇಗದ್ದು. ಹೊತ್ತು ಮುಳುಗುವವರೆಗೂ ಎಸೆದ. ತರುಣನ ಅಂಗೈ ಕೆಂಪಾಯಿತು. ಗುರುವಿನ ಭುಜ ನೋಯಲಿಲ್ಲ. ನಿಧಾನದ್ದು ಎಸೆದಾಗಲೆಲ್ಲ ತರುಣ, ನಾಲಿಗೆ ಬಂತು ಸರ್, ಎಂದು ಕೂಗುತ್ತಿದ್ದ. ಅವನು, ಬರಲಿ ಬಿಡೋ, ಎಂದು ಕೂಗುತ್ತಿದ್ದ. ನಾನು ಆ ಗೋಡೆಯ ಮೇಲೆ ಕೂತು ನೋಡಿದೆ. ಅಷ್ಟು ಸಂತೋಷದಿಂದ ಒಬ್ಬ ಮನುಷ್ಯ ಏನನ್ನಾದರೂ ಎಸೆದದ್ದನ್ನು ನಾನು ಬೇರೆಲ್ಲೂ ಕಂಡಿಲ್ಲ."

ಶಿಷ್ಯೆಯರ ಕೈಗಳು ಹಿತುಕುವುದನ್ನು ಮರೆತಿದ್ದವು.

"ಇನ್ನೂ ಒಂದು ಮಾತಿದೆ," ಎಂದರು ಅಮ್ಮನವರು. "ಮರುದಿನದಿಂದ ಅವನು ಕಲಿಯುವವರ ಬೆನ್ನ ಹಿಂದೆ ನಿಲ್ಲುವುದನ್ನು ಬಿಟ್ಟ. ಎದುರಿಗೆ ನಿಂತ. ಯಾರಾದರೂ ತಪ್ಪು ಮಾಡಿದರೆ ತಕ್ಷಣ ತಿದ್ದುತ್ತಿರಲಿಲ್ಲ. ಇದು ಇವನದೋ ನನ್ನದೋ ಎಂದು ಮೊದಲು ನೋಡಿಕೊಳ್ಳುತ್ತಿದ್ದ. ಗುರುವಿಗೆ ಶಿಷ್ಯರು ಯಾಕೆ ಬೇಕು ಎಂದು ನೀನು ಕೇಳಿದೆಯಲ್ಲ. ತನ್ನ ಮುಖ ನೋಡಿಕೊಳ್ಳಲು ಬೇಕು."

ವಿಮಲಾಕ್ಷಿಯ ಮುಖ ಅರಳಿತು. ಅವಳು ಕಾಳಿನ ಬುಟ್ಟಿಯನ್ನು ಪಕ್ಕಕ್ಕಿಟ್ಟು ಮುಂದೆ ಸರಿದು ಕೂತಳು.

"ಹಾಗಾದರೆ ಅಮ್ಮಾ, ನನ್ನಲ್ಲಿ ನಿಮ್ಮ ಯಾವ ದೋಷ ಕಂಡಿತು?"

"ಕತೆ ಮುಗಿದ ಮೇಲೂ ಸುಮ್ಮನಿರಲು ಬಾರದ್ದು," ಎಂದರು ಅಮ್ಮನವರು.